ಸಿಮೆಂಟಿಗೆ ಜೀವ ಕೊಟ್ಟ ರಾಮಕಿಂಕರ್

ಶಿಲ್ಪಿ ರಾಮಕಿಂಕರ್ ಬೈಜ್ ಸಿಮೆಂಟು ಹಿಡಿದದ್ದು ಕಂಚಿಗೆ ಕಾಸಿಲ್ಲದೆ ಎಂಬ ಮಾತು ಹಳೆಯದು. ಅದರಲ್ಲಿ ಅರ್ಧ ಸತ್ಯವಿದೆ. 1906ರಲ್ಲಿ ಬಂಗಾಳದ ಬಾಂಕುರಾದ ಬಡ ಕ್ಷೌರಿಕ ಕುಟುಂಬದಲ್ಲಿ ಹುಟ್ಟಿ, 1925ರಲ್ಲಿ ಶಾಂತಿನಿಕೇತನಕ್ಕೆ ಬಂದು ಕಲಾವಿದ ನಂದಲಾಲ್ ಬೋಸರ ಶಿಷ್ಯರಾದ ಅವರಿಗೆ ದೊಡ್ಡ ಎರಕ ಹೊಯ್ಯಿಸುವ ಅನುಕೂಲ ಎಲ್ಲಿಂದ ಬರಬೇಕು? ಆದರೆ ಅಗ್ಗದ ಸಾಮಗ್ರಿ ಸಿಕ್ಕವರೆಲ್ಲ ಅದರಲ್ಲಿ ಹೊಸ ಶಿಲ್ಪಭಾಷೆ ಕಂಡುಕೊಳ್ಳುವುದಿಲ್ಲ. ರಾಮಕಿಂಕರ್ ಕಂಡುಕೊಂಡರು. ಅವರ ಸಾಧನೆಯ ತಿರುಳು ಇರುವುದೇ ಆ ಸಿಮೆಂಟಿನಲ್ಲಿ ಎಂಬುದು ನನ್ನ ವಾದ.

1938ರ ‘ಸಂತಾಲ ಕುಟುಂಬ’ವನ್ನೇ ನೋಡಿ. ಗಂಡಸಿನ ಹೆಗಲ ಮೇಲೆ ಅಡ್ಡೆ, ಅದರ ಒಂದು ಬುಟ್ಟಿಯಲ್ಲಿ ಕೂಸು. ಪಕ್ಕದಲ್ಲಿ ತಲೆಯ ಮೇಲೆ ಹೊರೆ ಹೊತ್ತ ಹೆಂಗಸು, ಅವಳ ಸೊಂಟದಲ್ಲಿ ಇನ್ನೊಂದು ಮಗು, ಜೊತೆಗೊಂದು ನಾಯಿ. ಕೂಲಿ ಹುಡುಕಿ ಹೊರಟ ಸಂತಾಲ ಬುಡಕಟ್ಟಿನ ಸಂಸಾರ ಅದು. ಕಬ್ಬಿಣದ ಸರಳಿನ ಹಂದರ ಕಟ್ಟಿ, ನಮ್ಮ ಕರಾವಳಿಯವರು ಮುರಕಲ್ಲು ಎನ್ನುವ ಕೆಂಪು ಕಲ್ಲಿನ ಹರಳುಗಳನ್ನು ಸಿಮೆಂಟಿಗೆ ಕಲಸಿ, ಅದನ್ನು ಹಂದರಕ್ಕೆ ಮೆತ್ತುತ್ತ ರೂಪ ಎಬ್ಬಿಸಿದರು. ಗಾರೆ ಬಿಗಿಯುವ ಮೊದಲೇ ಕೈ ಓಡಬೇಕು. ಆ ಅವಸರ ಮೈಮೇಲೆಲ್ಲ ಉಳಿದಿದೆ. ಮೇಲ್ಮೈ ಒರಟು, ಹರಳುಹರಳು, ಶಾಂತಿನಿಕೇತನವಿರುವ ಬೀರಭೂಮಿನ ನೆಲದಂತೆಯೇ. ಸಾರ್ವಜನಿಕ ಪ್ರತಿಮೆಯೆಂದರೆ ದೊರೆಗಳು, ವೈಸ್‌ರಾಯ್‌ಗಳು ಎತ್ತರದ ಪೀಠವೇರಿ ನಿಂತಿದ್ದ ಕಾಲವದು. ಈ ಕೂಲಿಗಳು ನೋಡುಗನ ಪಕ್ಕದಲ್ಲೇ, ತಗ್ಗಾದ ಕಟ್ಟೆಯ ಮೇಲೆ ನಡೆದರು. ಹೊಳೆಯುವ ಕಂಚಿನಲ್ಲಿ ಈ ಹತ್ತಿರತನ ಬರುತ್ತಿರಲಿಲ್ಲ.

ಇದು ಯುರೋಪಿನ ಎರವಲು ಎನ್ನುವವರಿದ್ದಾರೆ. ಫ್ರೆಂಚ್ ಶಿಲ್ಪಿ ಬೂರ್ಡೆಲ್‌ನ ಶಿಷ್ಯೆ ಮಾರ್ಗರೆಟ್ ಮಿಲ್‌ವರ್ಡ್ ಶಾಂತಿನಿಕೇತನದಲ್ಲಿ ಪಾಠ ಹೇಳಿದ್ದು ನಿಜ, ರಾಮಕಿಂಕರ್ ಕ್ಯೂಬಿಸಂ ಅರಿತದ್ದೂ ನಿಜ. ಕಲಿತ ವಿದ್ಯೆಯನ್ನು ಅವರು ಯಾವುದಕ್ಕೆ ದುಡಿಸಿದರು ಎಂಬುದು ಮುಖ್ಯ. 1956ರ ‘ಮಿಲ್ ಕಾಲ್’ನಲ್ಲಿ ಗಿರಣಿಯ ಕೂಗಿಗೆ ಓಡುವ ಇಬ್ಬರು ಸಂತಾಲ ಹೆಂಗಸರ ಒದ್ದೆ ಸೀರೆ ಓಟದಲ್ಲೇ ಗಾಳಿಗೆ ಹಾರಿ ಒಣಗುತ್ತಿದೆ. ಅದು ಪ್ಯಾರಿಸ್ಸಿನಿಂದ ಬಂದ ನೋಟವಲ್ಲ. ಕಾಸಿನ ವಾದಕ್ಕೂ ಉತ್ತರ ಸಿಗುವುದು ಈ ವರ್ಷಗಳಲ್ಲೇ. ದೆಹಲಿಯ ರಿಸರ್ವ್ ಬ್ಯಾಂಕಿಗಾಗಿ ಯಕ್ಷ–ಯಕ್ಷಿಯರನ್ನು ಕಡೆಯುವ ಕೆಲಸ ಐವತ್ತರ ದಶಕದಲ್ಲಿ ಅವರಿಗೆ ಬಂತು. ಕಲ್ಲೂ ಇತ್ತು, ಸರ್ಕಾರದ ಹಣವೂ ಇತ್ತು, ಮುಗಿಯುವಾಗ 1967. ಮಥುರಾ ಸಂಗ್ರಹಾಲಯದ ಪ್ರಾಚೀನ ಪರ್ಖಂ ಯಕ್ಷನ ಗಾಂಭೀರ್ಯ ಅವುಗಳಲ್ಲಿದೆ, ಒಪ್ಪೋಣ. ‘ಮಿಲ್ ಕಾಲ್’ನ ಉಸಿರು ಮಾತ್ರ ಇಲ್ಲ.

ಸಿಮೆಂಟು ಬಾಳುವುದಿಲ್ಲ ಎಂಬ ಆಕ್ಷೇಪವೇ ಗಟ್ಟಿಯಾದದ್ದು. ಬಿರುಕಿನಲ್ಲಿ ನೀರಿಳಿದರೆ ಒಳಗಿನ ಸರಳು ತುಕ್ಕು ಹಿಡಿದು ಉಬ್ಬುತ್ತದೆ, ಮೇಲಿನ ಪದರ ಸೀಳುತ್ತದೆ, ಪಾಚಿ ಬೆಳೆಯುತ್ತದೆ. ಹಾಗೆಂದು ಕಂಚಿನ ಪ್ರತಿ ತೆಗೆದಿಟ್ಟು ಮೂಲವನ್ನು ಮಳೆಗೆ ಬಿಟ್ಟುಬಿಡುವುದು ಪರಿಹಾರವಲ್ಲ. ಪ್ರತಿಯಲ್ಲಿ ಆಕಾರ ಉಳಿದೀತು, ಆ ನೆಲದ ಹರಳು ಉಳಿಯದು. 1970ರಲ್ಲಿ ಪದ್ಮಭೂಷಣ ಪಡೆದ ರಾಮಕಿಂಕರ್ 1980ರಲ್ಲಿ ತೀರಿಕೊಂಡರು. ಈ ಸಿಮೆಂಟಿನ ಶಿಲ್ಪಗಳು ನಿಂತಿರುವ ಶಾಂತಿನಿಕೇತನ 2023ರಲ್ಲಿ ಯುನೆಸ್ಕೊ ವಿಶ್ವ ಪರಂಪರೆಯ ಪಟ್ಟಿ ಸೇರಿದೆ. ಕಲ್ಲಿನ ಗುಡಿಗಳಿಗೆ ಕೊಡುವಷ್ಟೇ ನುರಿತ ಆರೈಕೆ ಈ ಸಿಮೆಂಟಿನ ಕೂಲಿಗಳಿಗೂ ಸಿಗಬೇಕು, ಅದೂ ಬಿರುಕು ಸಣ್ಣದಿರುವಾಗಲೇ.