ಗೋಡೆ ಕಟ್ಟುವ ಮುನ್ನ ಕ್ಯಾಮೆರಾ ಎಲ್ಲಿದೆ ನೋಡಿ

ಕಳೆದ ರಜೆಯಲ್ಲಿ ನಾವು ಐದು ಜನ ಗೆಳೆಯರು ಸೇರಿ ಮೊಬೈಲಿನಲ್ಲಿ ಒಂದು ಕಿರುಚಿತ್ರ ತೆಗೆದೆವು. ಕಥೆಗೆ ಹಳೆಯ ಕಾಲದ ಅಂಚೆ ಕಚೇರಿ ಬೇಕಿತ್ತು. ತ್ಯಾಗರಾಜನಗರದ ನಮ್ಮ ಮನೆಯ ತಾರಸಿಯೇ ಸ್ಟುಡಿಯೊ. ಸೆಟ್ ಹಾಕುವ ಜವಾಬ್ದಾರಿ ನನ್ನದು. ಆಗ ಕಲಿತದ್ದು ನಿಮಗೂ ಉಪಯೋಗಕ್ಕೆ ಬರಬಹುದೆಂದು ಬರೆಯುತ್ತಿದ್ದೇನೆ.

ಮೊದಲು ನಾನು ಮೂರು ಗೋಡೆಗಳ ನಕ್ಷೆ ಬರೆದಿದ್ದೆ. ಮೊಬೈಲ್ ಇಡುವ ಜಾಗ ಗುರುತು ಮಾಡಿ ನೋಡಿದರೆ ಕಾಣುತ್ತಿದ್ದದ್ದು ಒಂದೇ ಗೋಡೆ, ಅದೂ ಆರಡಿ ಅಗಲ. ಕ್ಯಾಮೆರಾಕ್ಕೆ ಕಾಣುವಷ್ಟನ್ನೇ ಕಟ್ಟಬೇಕು. ಉಳಿತಾಯದ ಮೊದಲ ಸೂತ್ರ ಇದು.

ಎರಡನೆಯದು, ಇರುವ ಜಾಗವನ್ನೇ ಬಳಸುವುದು. 1970ರ ‘ಸಂಸ್ಕಾರ’ ಚಿತ್ರಕ್ಕೆ ಹಣ ಕಡಿಮೆ ಇತ್ತು. ಅಗ್ರಹಾರದ ಸೆಟ್ ಹಾಕದೆ ಶೃಂಗೇರಿಯ ಹತ್ತಿರದ ಹಳ್ಳಿಯಲ್ಲೇ ಚಿತ್ರೀಕರಿಸಿದರು; ಕಲಾ ನಿರ್ದೇಶನ ಚಿತ್ರಕಲಾವಿದ ಎಸ್.ಜಿ. ವಾಸುದೇವ್ ಅವರದು. ಶಂಕರ್ ನಾಗ್ ‘ಮಾಲ್ಗುಡಿ ಡೇಸ್’ ಧಾರಾವಾಹಿಗೆ ಆಗುಂಬೆಯನ್ನೇ ಮಾಲ್ಗುಡಿ ಮಾಡಿದರು. ಶಿವಮೊಗ್ಗ ಜಿಲ್ಲೆಯ ಅರಸಾಳು ನಿಲ್ದಾಣ ಮಾಲ್ಗುಡಿ ನಿಲ್ದಾಣವಾಯಿತು. ಅದರ ಕಲಾ ನಿರ್ದೇಶಕರು ಶಿಲ್ಪಿ ಜಾನ್ ದೇವರಾಜ್.

ನಮ್ಮ ಸಾಮಾನುಗಳೂ ಹೀಗೇ ಕೂಡಿದವು. ಚಪ್ಪಲಿ ಡಬ್ಬಿಗಳನ್ನು ಒಂದರ ಮೇಲೊಂದು ಅಂಟಿಸಿ ಕಂದು ಬಣ್ಣ ಹಚ್ಚಿದಾಗ ಪತ್ರ ವಿಂಗಡಿಸುವ ಗೂಡುಗಳಾದವು. ಬಿಳಿ ಹಾಳೆಯ ಮೇಲೆ ಚಹಾ ಡಿಕಾಕ್ಷನ್ ಸವರಿ ಬಿಸಿಲಿಗೆ ಒಣಗಿಸಿದರೆ ಹಳೆಯ ಪತ್ರ ಸಿದ್ಧ. ಆದರೆ ಶಾಯಿಯಲ್ಲಿ ಬರೆಯುವುದು ಒಣಗಿದ ಮೇಲೆ. ಮೊದಲೇ ಬರೆದರೆ ಅಕ್ಷರ ಹರಡುತ್ತದೆ.

ಗೋಡೆಗೆ ಥರ್ಮಾಕೋಲ್ ತಂದೆ. ಒಂಬತ್ತು ಇಂಚು ಉದ್ದ, ಮೂರು ಇಂಚು ಎತ್ತರದ ಇಟ್ಟಿಗೆಗಳಂತೆ ಗೆರೆ ಕೊರೆದೆ. ಇಲ್ಲಿ ಒಂದು ತಪ್ಪು ಮಾಡಿದೆ: ಬೇಗ ಮುಗಿಯಲೆಂದು ಸ್ಪ್ರೇ ಬಣ್ಣ ಹೊಡೆದೆ. ಅದರಲ್ಲಿರುವ ದ್ರಾವಕ ಥರ್ಮಾಕೋಲನ್ನು ಕರಗಿಸುತ್ತದೆ. ಎರಡು ಹಾಳೆ ತೂತು ಬಿದ್ದು ಹೋದವು. ನೀರಿನಲ್ಲಿ ಕಲಸುವ ಎಮಲ್ಷನ್ ಬಣ್ಣವೇ ಸರಿ. ಅದಕ್ಕೆ ಸ್ವಲ್ಪ ಸಣ್ಣ ಮರಳು ಬೆರೆಸಿದರೆ ಇಟ್ಟಿಗೆಯ ಒರಟುತನ ಬರುತ್ತದೆ.

ಇನ್ನೊಂದು ತಪ್ಪು ಇದಕ್ಕಿಂತ ದೊಡ್ಡದು. ಗೋಡೆಯನ್ನು ಮರದ ಚೌಕಟ್ಟಿಗೆ ಅಂಟಿಸಿ, ಹಿಂದೆ ಒಂದು ಕೋಲು ಆನಿಸಿ ಬಿಟ್ಟಿದ್ದೆ. ಸಂಜೆ ಗಾಳಿ ಬೀಸಿದಾಗ ಅದು ಚೌಕಟ್ಟಿನ ಸಮೇತ ಬಿತ್ತು. ನನ್ನ ತಮ್ಮ ಅಲ್ಲಿಂದ ಎದ್ದು ಹೋಗಿ ಒಂದು ನಿಮಿಷವೂ ಆಗಿರಲಿಲ್ಲ. ಥರ್ಮಾಕೋಲ್ ಹಗುರ, ಚೌಕಟ್ಟು ಹಗುರವಲ್ಲ. ಅದರಲ್ಲಿ ಮೊಳೆಗಳೂ ಇದ್ದವು.

ಮರಗೆಲಸ ಬಲ್ಲ ನಮ್ಮ ಮಾಮೂ ಬಂದು ನೋಡಿ, “ಕ್ಯಾಮೆರಾಕ್ಕೆ ಕಾಣದ ಕಡೆಯೇ ನಿಜವಾದ ಕೆಲಸ ಇರೋದು” ಅಂದರು. ಗೋಡೆಯ ಹಿಂದೆ ಎರಡು ಕಡೆ ತ್ರಿಕೋನಾಕಾರದ ಊರೆ ಹೊಡೆದರು. ಊರೆಯ ಕಾಲು ಗೋಡೆಯ ಎತ್ತರದ ಅರ್ಧದಷ್ಟು ಉದ್ದ. ಅದರ ಮೇಲೆ ಮರಳು ಚೀಲ.

ಚಿತ್ರದಲ್ಲಿ ಆ ಗೋಡೆ ಕಾಣುವುದು ನಲವತ್ತು ಸೆಕೆಂಡು. ಊರೆ ಕಾಣುವುದೇ ಇಲ್ಲ. ಆದರೂ ಮುಂದಿನ ಸಲ ನಾನು ಮೊದಲು ಮಾಡುವುದು ಅದನ್ನೇ.