ಅಯಸ್ಕಾಂತ ಹಕ್ಕಿಯನ್ನು ಎಳೆಯುವುದಿಲ್ಲ

ಉತ್ತರಕ್ಕೆ ತಲೆ ಹಾಕಿ ಮಲಗಬೇಡ ಎಂಬ ಮಾತು ಕೇಳದೆ ಬೆಳೆದ ಕನ್ನಡಿಗರು ಕಡಿಮೆ. ಹಿಂದೆ ಅದಕ್ಕೆ ಶಾಸ್ತ್ರದ ಕಾರಣ ಕೊಡುತ್ತಿದ್ದರು, ಈಗ ವಿಜ್ಞಾನದ ಹೆಸರಿನಲ್ಲಿ ಇನ್ನೊಂದು ಕಾರಣ ಕೊಡುತ್ತಾರೆ. ಭೂಮಿ ದೊಡ್ಡ ಅಯಸ್ಕಾಂತವಂತೆ, ನಮ್ಮ ರಕ್ತದಲ್ಲಿ ಕಬ್ಬಿಣವಿದೆಯಂತೆ, ಉತ್ತರಕ್ಕೆ ತಲೆ ಇಟ್ಟರೆ ಆ ಕಬ್ಬಿಣ ಮಿದುಳಿನ ಕಡೆಗೆ ನುಗ್ಗುತ್ತದಂತೆ. ಸಾವಿರಾರು ಮೈಲಿ ದೂರದ ಹಕ್ಕಿ ಪ್ರತಿ ವರ್ಷ ಅದೇ ಕೆರೆಗೆ ಹೇಗೆ ಬರುತ್ತದೆ ಎಂದು ಮಗು ಕೇಳಿದರೂ ಇದೇ ಬಗೆಯ ಉತ್ತರ ಸಿದ್ಧ: ಅದಕ್ಕೂ ಅಯಸ್ಕಾಂತ ಶಕ್ತಿ ಇದೆ, ಭೂಮಿಯೇ ಎಳೆದುಕೊಂಡು ಬರುತ್ತದೆ.

ಈ ‘ಎಳೆತ’ದ ಕಲ್ಪನೆಯೇ ಉಳಿದ ಅನೇಕ ತಪ್ಪು ತಿಳಿವಳಿಕೆಗಳ ಬೇರು. ಪ್ರಾಣಿಗಳು ಭೂಮಿಯ ಕಾಂತಕ್ಷೇತ್ರವನ್ನು ಗ್ರಹಿಸುತ್ತವೆ ಎಂಬುದು ನಿಜ, ಅದಕ್ಕೆ ಗಟ್ಟಿ ಪುರಾವೆ ಇದೆ. ಆದರೆ ಆ ಕ್ಷೇತ್ರ ಯಾರನ್ನೂ ಎಳೆಯುವಷ್ಟು ಬಲವಾದುದಲ್ಲ. ಮೈಲಿಗಲ್ಲು ದಾರಿಹೋಕನನ್ನು ಎಳೆಯುವುದಿಲ್ಲ, ಓದಬಲ್ಲವನಿಗೆ ಎಲ್ಲಿದ್ದೀಯ ಎಂದು ತಿಳಿಸುತ್ತದೆ. ಕಾಂತಕ್ಷೇತ್ರ ಮಾಡುವುದೂ ಅಷ್ಟೇ.

ರಕ್ತದ ಕಬ್ಬಿಣವನ್ನು ಭೂಮಿ ಸೆಳೆಯುತ್ತದೆಯೆ?

ಭೂಮಿಯ ಕಾಂತಕ್ಷೇತ್ರದ ಬಲ ಸ್ಥಳಕ್ಕೆ ತಕ್ಕಂತೆ ಸುಮಾರು 25ರಿಂದ 65 ಮೈಕ್ರೋಟೆಸ್ಲಾ. ಫ್ರಿಜ್ಜಿನ ಬಾಗಿಲಿಗೆ ಅಂಟಿಸುವ ಪುಟ್ಟ ಅಯಸ್ಕಾಂತ ಹತ್ತಿರದಲ್ಲಿ ಇದರ ನೂರು ಪಟ್ಟು ಬಲ ತೋರಿಸುತ್ತದೆ. ಆಸ್ಪತ್ರೆಯ ಎಂಆರ್‌ಐ ಯಂತ್ರದ 1.5 ಟೆಸ್ಲಾ ಎಂದರೆ ಭೂಮಿಯದಕ್ಕಿಂತ ಹೆಚ್ಚುಕಡಿಮೆ 30,000 ಪಟ್ಟು. ಅದರೊಳಗೆ ಅರ್ಧ ಗಂಟೆ ಮಲಗಿದವರ ರಕ್ತವೂ ತಲೆಗೆ ಹರಿದು ನಿಲ್ಲುವುದಿಲ್ಲ. ಕಾರಣ ಸರಳ: ಹಿಮೋಗ್ಲೋಬಿನ್‌ನಲ್ಲಿರುವ ಕಬ್ಬಿಣ ಮೊಳೆಯ ಕಬ್ಬಿಣದಂತೆ ವರ್ತಿಸುವುದಿಲ್ಲ. ಲೈನಸ್ ಪಾಲಿಂಗ್ ಮತ್ತು ಚಾರ್ಲ್ಸ್ ಕೊರಿಯೆಲ್ 1936ರಲ್ಲೇ ಇದನ್ನು ಅಳೆದು ತೋರಿಸಿದರು. ಆಮ್ಲಜನಕ ಹೊತ್ತ ಹಿಮೋಗ್ಲೋಬಿನ್ಅನ್ನು ಅಯಸ್ಕಾಂತ ಅತ್ಯಲ್ಪವಾಗಿ ದೂರ ತಳ್ಳುತ್ತದೆ, ಆಮ್ಲಜನಕ ಬಿಟ್ಟುಕೊಟ್ಟ ಹಿಮೋಗ್ಲೋಬಿನ್ಅನ್ನು ಅತ್ಯಲ್ಪವಾಗಿ ಹತ್ತಿರ ಕರೆಯುತ್ತದೆ. ಎರಡೂ ನಿದ್ದೆಗೆ ಲೆಕ್ಕವಿಲ್ಲದಷ್ಟು ಚಿಕ್ಕವು. ಮನೆಯ ಹಿರಿಯರ ಮಾತಿಗೆ ಗೌರವ ಕೊಟ್ಟು ದಕ್ಷಿಣಕ್ಕೆ ತಲೆ ಹಾಕಿ ಮಲಗುವವರು ಹಾಗೇ ಮಲಗಲಿ, ಅದಕ್ಕೆ ಅಯಸ್ಕಾಂತದ ಸಾಕ್ಷಿ ಮಾತ್ರ ಬೇಡ.

ಅಯಸ್ಕಾಂತ ನಿಜವಾಗಿಯೂ ಮೈಯನ್ನು ತಿರುಗಿಸುವ ಜೀವಿಯೊಂದಿದೆ. 1975ರಲ್ಲಿ ರಿಚರ್ಡ್ ಬ್ಲೇಕ್‌ಮೋರ್ ಅಮೆರಿಕದ ಮ್ಯಾಸಚೂಸೆಟ್ಸ್ ಕರಾವಳಿಯ ಕೆಸರಿನಲ್ಲಿ ಕಂಡ ಬ್ಯಾಕ್ಟೀರಿಯಾಗಳ ಮೈಯೊಳಗೆ ಕಬ್ಬಿಣದ ಸೂಕ್ಷ್ಮ ಹರಳುಗಳ ಸರಪಳಿ ಇರುತ್ತದೆ. ಸತ್ತ ಬ್ಯಾಕ್ಟೀರಿಯಾ ಕೂಡ ಕಾಂತರೇಖೆಗೆ ಸಮನಾಗಿ ಮಲಗುತ್ತದೆ. ಹೀಗೆ ತಿರುಗುವುದರಿಂದ ಬದುಕಿರುವಾಗ ಅದಕ್ಕೆ ಕೆಳಗೆ ಯಾವುದು, ಮೇಲೆ ಯಾವುದು ಎಂಬುದು ಗೊತ್ತಾಗುತ್ತದೆ. ಆದರೂ ಕೆಸರಿನತ್ತ ಅದು ಹೋಗುವುದು ತಾನೇ ಈಜಿಕೊಂಡು.

ಹಕ್ಕಿಯ ತಲೆಯಲ್ಲಿ ಉತ್ತರ ತೋರಿಸುವ ಮುಳ್ಳಿದೆಯೆ?

ಈ ವಿಷಯದಲ್ಲಿ ನನಗೆ ಅತ್ಯಂತ ಸೊಗಸಾಗಿ ಕಾಣುವ ಪ್ರಯೋಗ ಜರ್ಮನಿಯ ಫ್ರಾಂಕ್‌ಫರ್ಟ್‌ನದು. ವಲಸೆಯ ಕಾಲ ಬಂದಾಗ ಪಂಜರದಲ್ಲಿರುವ ರಾಬಿನ್ ಹಕ್ಕಿ ರಾತ್ರಿ ಸುಮ್ಮನಿರುವುದಿಲ್ಲ. ರೆಕ್ಕೆ ಬಡಿಯುತ್ತ, ತಾನು ಹೋಗಬೇಕಾದ ದಿಕ್ಕಿಗೇ ಮತ್ತೆ ಮತ್ತೆ ಹಾರುತ್ತದೆ. ಆಕಾಶ ಕಾಣದ ಕೋಣೆಯಲ್ಲಿಟ್ಟರೂ ಅದೇ ದಿಕ್ಕು. ವೋಲ್ಫ್‌ಗಾಂಗ್ ವಿಲ್ಚ್ಕೊ 1960ರ ದಶಕದಲ್ಲಿ ಪಂಜರದ ಸುತ್ತ ತಂತಿಯ ಸುರುಳಿಗಳನ್ನಿಟ್ಟು ಕಾಂತಕ್ಷೇತ್ರವನ್ನು ತಿರುಗಿಸಿದರು. ಹಕ್ಕಿಯೂ ತಿರುಗಿತು. ಹಕ್ಕಿಗೆ ಕಾಂತಜ್ಞಾನ ಇದೆ ಎಂಬುದಕ್ಕೆ ಸಿಕ್ಕ ಗಟ್ಟಿ ಸಾಕ್ಷಿಗಳಲ್ಲಿ ಇದು ಮೊದಮೊದಲಿನದು.

ಅಸಲು ಅಚ್ಚರಿ ಬಂದದ್ದು 1972ರಲ್ಲಿ. ಭೂಮಿಯ ಕಾಂತರೇಖೆಗಳು ಹೆಚ್ಚಿನ ಕಡೆ ನೆಲಕ್ಕೆ ಸಮಾನಾಂತರವಾಗಿ ಹೋಗುವುದಿಲ್ಲ. ಉತ್ತರ ಗೋಳಾರ್ಧದಲ್ಲಿ ಅವು ಉತ್ತರದ ಕಡೆಗೆ ಓರೆಯಾಗಿ ನೆಲದೊಳಕ್ಕೆ ಇಳಿಯುತ್ತವೆ. ವೋಲ್ಫ್‌ಗಾಂಗ್ ಮತ್ತು ರೋಸ್ವಿತಾ ವಿಲ್ಚ್ಕೊ ದಂಪತಿ ಕ್ಷೇತ್ರದ ಉತ್ತರ ದಕ್ಷಿಣಗಳನ್ನು ಹಾಗೇ ಬಿಟ್ಟು, ಇಳಿಯುವ ರೇಖೆಗಳನ್ನು ಏರುವಂತೆ ಮಾಡಿದರು. ನಮ್ಮ ದಿಕ್ಸೂಚಿಯ ಮುಳ್ಳು ಆ ಕೋಣೆಯಲ್ಲಿ ಅಲುಗುತ್ತಿರಲಿಲ್ಲ, ಹಕ್ಕಿ ಮಾತ್ರ ಹಿಂದುಮುಂದಾಗಿ ವಿರುದ್ಧ ದಿಕ್ಕಿಗೆ ಹಾರತೊಡಗಿತು. ಬಳಿಕ ಉತ್ತರ ದಕ್ಷಿಣವನ್ನೂ ಏರಿಳಿತವನ್ನೂ ಒಟ್ಟಿಗೆ ಬದಲಿಸಿದರು. ದಿಕ್ಸೂಚಿ ತಿರುಗುವ ಈ ಬದಲಾವಣೆಯನ್ನು ಹಕ್ಕಿ ಗಮನಿಸಲೇ ಇಲ್ಲ. ಅಂದರೆ ರಾಬಿನ್‌ಗೆ ಉತ್ತರ, ದಕ್ಷಿಣ ಎಂಬ ಭೇದವೇ ಗೊತ್ತಿಲ್ಲ. ರೇಖೆ ಯಾವ ಕಡೆಗೆ ನೆಲಕ್ಕೆ ಬಾಗಿದೆಯೋ ಆ ಕಡೆ ಧ್ರುವ, ಅದರ ಎದುರು ಕಡೆ ಸಮಭಾಜಕ ಎಂಬುದು ಅದರ ಲೆಕ್ಕ.

ಹಾಗಾದರೆ ರೇಖೆಗಳು ಬಾಗದೆ ಚಪ್ಪಟೆಯಾಗಿರುವ ಕಾಂತೀಯ ಸಮಭಾಜಕದಲ್ಲಿ ಏನಾಗುತ್ತದೆ? ಆ ಸಮಭಾಜಕ ನಮ್ಮ ದೇಶದ ದಕ್ಷಿಣ ತುದಿಯ ಹತ್ತಿರವೇ ಹಾದುಹೋಗುತ್ತದೆ, ಅದನ್ನು ಅಭ್ಯಸಿಸುವ ಭಾರತೀಯ ಭೂಕಾಂತತ್ವ ಸಂಸ್ಥೆಯ ಕೇಂದ್ರ ತಮಿಳುನಾಡಿನ ತಿರುನೆಲ್ವೇಲಿಯಲ್ಲಿದೆ. ಅಲ್ಲಿ ಬಾಗುವಿಕೆಯಿಂದ ಹಕ್ಕಿಗೆ ಯಾವ ಸುಳಿವೂ ಸಿಗುವುದಿಲ್ಲ. ಆಫ್ರಿಕಾಕ್ಕೆ ಹೋಗುವ ಗಾರ್ಡನ್ ವಾರ್ಬ್ಲರ್ ಎಂಬ ಪುಟ್ಟ ಹಕ್ಕಿಯನ್ನು ಪ್ರಯೋಗಾಲಯದಲ್ಲಿ ಅಂಥ ಚಪ್ಪಟೆ ಕ್ಷೇತ್ರದೊಳಗಿಟ್ಟು ಹೊರತಂದಾಗ, ಅದುವರೆಗೆ ಸಮಭಾಜಕದ ಕಡೆಗೆ ಹಾರುತ್ತಿದ್ದದ್ದು ಆಮೇಲೆ ಧ್ರುವದ ಕಡೆಗೆ ಹಾರಿತು. ಸಮಭಾಜಕ ದಾಟಿದ ಮೇಲೆ ದಕ್ಷಿಣಕ್ಕೇ ಮುಂದುವರಿಯಲು ಅದು ಮಾಡಬೇಕಾದದ್ದೂ ಅದನ್ನೇ.

ಇನ್ನು ಎಲ್ಲ ಪ್ರಾಣಿಗಳದ್ದೂ ಒಂದೇ ವಿಧಾನವಲ್ಲ. ಆಫ್ರಿಕಾದ ಬಿಲ ಇಲಿಗಳು ನಮ್ಮ ದಿಕ್ಸೂಚಿಯಂತೆಯೇ ಉತ್ತರ ದಕ್ಷಿಣವನ್ನು ಗುರುತಿಸುತ್ತವೆ.

ಕೊಕ್ಕಿನಲ್ಲಿ ಕಬ್ಬಿಣ ಸಿಕ್ಕಿತೆಂಬ ಸುದ್ದಿ

ಪಾರಿವಾಳದ ಕೊಕ್ಕಿನಲ್ಲಿ ಅಯಸ್ಕಾಂತವಿದೆ ಎಂದು ಇಂದಿಗೂ ಎಷ್ಟೋ ಸಾಮಾನ್ಯಜ್ಞಾನದ ಪುಸ್ತಕಗಳು ಹೇಳುತ್ತವೆ. ಮೇಲ್ಕೊಕ್ಕಿನ ಚರ್ಮದಲ್ಲಿ ಕಬ್ಬಿಣ ತುಂಬಿದ ಕೋಶಗಳಿರುವುದು ನಿಜ. 2012ರಲ್ಲಿ ವಿಯೆನ್ನಾದ ಡೇವಿಡ್ ಕೀಸ್ ತಂಡ ಆ ಕೋಶಗಳನ್ನು ಒಂದೊಂದಾಗಿ ಪರೀಕ್ಷಿಸಿತು. ಅವು ನರಕೋಶಗಳಾಗಿರಲಿಲ್ಲ, ಹಳೆಯ ರಕ್ತಕಣಗಳ ಕಬ್ಬಿಣವನ್ನು ಮರುಬಳಕೆಗೆ ಒಟ್ಟುಮಾಡುವ, ಸೋಂಕಿನ ವಿರುದ್ಧ ಹೋರಾಡುವ ರಕ್ಷಕ ಕೋಶಗಳಾಗಿದ್ದವು. ಸಂಖ್ಯೆಯಲ್ಲೂ ಹಕ್ಕಿಯಿಂದ ಹಕ್ಕಿಗೆ ಅಜಗಜಾಂತರ. ಇಂದ್ರಿಯವಾಗಿದ್ದರೆ ಹಾಗೆ ಏರುಪೇರಾಗುವ ಪ್ರಶ್ನೆಯೇ ಇರಲಿಲ್ಲ.

ಈಗ ವಿಜ್ಞಾನಿಗಳ ಕಣ್ಣು ಹಕ್ಕಿಯ ಕಣ್ಣಿನ ಮೇಲಿದೆ. ನೀಲಿ, ಹಸಿರು ಬೆಳಕಿನಲ್ಲಿ ಸರಿಯಾಗಿ ದಿಕ್ಕು ಹಿಡಿಯುವ ಹಕ್ಕಿ ಕೆಂಪು ಬೆಳಕಿನಲ್ಲಿ ತಡಬಡಾಯಿಸುತ್ತದೆ. ಮಿದುಳಿನಲ್ಲಿ ದೃಷ್ಟಿಗೆ ಸೇರಿದ ಒಂದು ಭಾಗಕ್ಕೆ ಏಟು ಬಿದ್ದರೆ ರಾಬಿನ್‌ನ ಕಾಂತ ದಿಕ್ಸೂಚಿ ಕೆಡುತ್ತದೆ, ಕೊಕ್ಕಿನ ನರ ಕತ್ತರಿಸಿದರೆ ಕೆಡುವುದಿಲ್ಲ. ಕ್ಲಾಸ್ ಶುಲ್ಟನ್ 1978ರಲ್ಲೇ ಮುಂದಿಟ್ಟ ಊಹೆಯ ಪ್ರಕಾರ, ಬೆಳಕು ಬಿದ್ದಾಗ ಕೆಲವು ಅಣುಗಳಲ್ಲಿ ಹುಟ್ಟುವ ಜೋಡಿ ಎಲೆಕ್ಟ್ರಾನುಗಳ ನಡವಳಿಕೆ ಭೂಮಿಯಷ್ಟು ದುರ್ಬಲ ಕ್ಷೇತ್ರದಿಂದಲೂ ಬದಲಾಗಬಲ್ಲದು. 2021ರಲ್ಲಿ ಆಕ್ಸ್‌ಫರ್ಡ್ ಮತ್ತು ಓಲ್ಡನ್‌ಬರ್ಗ್ ವಿಜ್ಞಾನಿಗಳು ರಾಬಿನ್ ಕಣ್ಣಿನ ಕ್ರಿಪ್ಟೋಕ್ರೋಮ್-4 ಎಂಬ ಪ್ರೋಟೀನನ್ನು ಪ್ರಯೋಗಾಲಯದಲ್ಲಿ ತಯಾರಿಸಿ ಪರೀಕ್ಷಿಸಿದಾಗ ಅದು ಕಾಂತಕ್ಷೇತ್ರಕ್ಕೆ ಸ್ಪಂದಿಸಿತು. ವಲಸೆ ಹೋಗದ ಕೋಳಿಯ ಅದೇ ಪ್ರೋಟೀನು ಅಷ್ಟು ಸ್ಪಂದಿಸಲಿಲ್ಲ. ಇದು ಗಾಜಿನ ನಳಿಕೆಯೊಳಗೆ ಕಂಡ ಫಲ. ಬದುಕಿರುವ ಹಕ್ಕಿಯ ಕಣ್ಣಿನಲ್ಲೂ ಹೀಗೇ ನಡೆಯುತ್ತದೆಂದು ಇನ್ನೂ ಸಾಬೀತಾಗಿಲ್ಲ. ಕಾಂತಕ್ಷೇತ್ರದ ಇಂದ್ರಿಯ ಇಂಥದ್ದೇ ಎಂದು ಖಚಿತವಾಗಿ ಯಾರಾದರೂ ಹೇಳಿದರೆ ನಂಬಬೇಡಿ.

ಕಾಂತಶಕ್ತಿ ಒಂದಿದ್ದರೆ ದಾರಿ ತಪ್ಪುವುದಿಲ್ಲವೆ?

ದಿಕ್ಕು ಗೊತ್ತಿರುವುದು ಬೇರೆ, ಊರು ಗೊತ್ತಿರುವುದು ಬೇರೆ. ಈ ವ್ಯತ್ಯಾಸವನ್ನು ಡಚ್ ವಿಜ್ಞಾನಿ ಪೆರ್ಡೆಕ್ ತೋರಿಸಿದಷ್ಟು ಚೆನ್ನಾಗಿ ಯಾರೂ ತೋರಿಸಿಲ್ಲ. ವಲಸೆಯ ನಡುದಾರಿಯಲ್ಲಿ ಹೇಗ್ ನಗರದ ಬಳಿ ಹಿಡಿದ 11,000ಕ್ಕೂ ಹೆಚ್ಚು ಸ್ಟಾರ್ಲಿಂಗ್ ಹಕ್ಕಿಗಳಿಗೆ ಉಂಗುರ ತೊಡಿಸಿ, ವಿಮಾನದಲ್ಲಿ ಸ್ವಿಟ್ಜರ್ಲೆಂಡಿಗೆ ಒಯ್ದು ಬಿಟ್ಟರು. 1958ರಲ್ಲಿ ಪ್ರಕಟವಾದ ಫಲಿತಾಂಶ ಹೀಗಿತ್ತು: ಮೊದಲೊಮ್ಮೆ ವಲಸೆ ಮಾಡಿದ್ದ ದೊಡ್ಡ ಹಕ್ಕಿಗಳು ದಾರಿ ಬದಲಿಸಿ ತಮ್ಮ ಮಾಮೂಲಿ ಚಳಿಗಾಲದ ತಾಣಗಳತ್ತ ವಾಯವ್ಯಕ್ಕೆ ತಿರುಗಿದವು. ಮೊದಲ ಸಲ ಹೊರಟಿದ್ದ ಮರಿಗಳು ಹಾಲೆಂಡಿನಲ್ಲಿ ಹಿಡಿದಿದ್ದ ದಿಕ್ಕನ್ನೇ ಹಿಡಿದು ದಕ್ಷಿಣ ಫ್ರಾನ್ಸ್, ಸ್ಪೇನ್ ಸೇರಿದವು. ದಿಕ್ಕು ಹುಟ್ಟಿನಿಂದ ಬಂದಿತ್ತು, ನಕ್ಷೆಯನ್ನು ಅನುಭವ ಕಲಿಸಬೇಕಿತ್ತು.

ಗದಗ ಜಿಲ್ಲೆಯ ಮಾಗಡಿ ಕೆರೆಗೆ ಚಳಿಗಾಲದಲ್ಲಿ ಹಿಮಾಲಯ ದಾಟಿ ಬರುವ ಪಟ್ಟೆತಲೆ ಹೆಬ್ಬಾತುಗಳು ಬಂಧುಬಳಗದೊಡನೆ ಹಾರುತ್ತವೆ, ಮರಿಗಳು ದಾರಿಯನ್ನು ಹಿರಿಯರಿಂದ ಕಲಿಯುತ್ತವೆ. ಇಂಡಿಗೋ ಬಂಟಿಂಗ್ ಎಂಬ ಹಕ್ಕಿಯ ಮರಿಗಳು ರಾತ್ರಿಯ ಆಕಾಶ ಯಾವ ಬಿಂದುವಿನ ಸುತ್ತ ತಿರುಗುತ್ತದೆ ಎಂಬುದನ್ನು ನೋಡಿ ಉತ್ತರವನ್ನು ಕಲಿಯುವುದನ್ನು ಸ್ಟೀಫನ್ ಎಮ್ಲೆನ್ ತಾರಾಲಯದಲ್ಲಿ ತೋರಿಸಿದರು. ಸಾಲ್ಮನ್ ಮೀನು ತನ್ನ ತೊರೆಯನ್ನು ಕೊನೆಗೆ ಪತ್ತೆಹಚ್ಚುವುದು ವಾಸನೆಯಿಂದ. ವಿಲಿಯಂ ಕೀಟನ್ 1971ರಲ್ಲಿ ಪಾರಿವಾಳಗಳ ಬೆನ್ನಿಗೆ ಅಯಸ್ಕಾಂತದ ಪಟ್ಟಿ ಕಟ್ಟಿದಾಗ ಬಿಸಿಲಿನ ದಿನ ಅವು ಗೂಡಿನತ್ತ ಸರಿಯಾಗಿಯೇ ಹೊರಟವು, ಮೋಡ ಕವಿದ ದಿನ ಗೊಂದಲಗೊಂಡವು. ಮುಂದಿನ ಪ್ರಯೋಗಗಳಲ್ಲಿ ಎಲ್ಲ ಸಲವೂ ಇದೇ ಫಲ ಬರಲಿಲ್ಲ. ಆದರೂ ಸೂರ್ಯ ಕಾಣುವಾಗ ಪಾರಿವಾಳ ಸೂರ್ಯನನ್ನೇ ನೆಚ್ಚುತ್ತದೆ ಎಂಬುದು ಸ್ಪಷ್ಟ. ಅಂದಹಾಗೆ, ಪಾರಿವಾಳ ಯಾವ ವಿಳಾಸಕ್ಕೂ ಕಾಗದ ಒಯ್ಯುವುದಿಲ್ಲ. ಅದಕ್ಕೆ ಗೊತ್ತಿರುವುದು ತನ್ನ ಗೂಡಿಗೆ ಮರಳುವುದೊಂದೇ. ಸಂದೇಶ ಕಳಿಸುವವರು ಅದನ್ನು ಮೊದಲು ಗೂಡಿನಿಂದ ದೂರ ಒಯ್ದು ಇಟ್ಟುಕೊಂಡಿರಬೇಕು.

ಮೊಬೈಲ್ ಟವರ್ ಗುಬ್ಬಚ್ಚಿಯ ದಿಕ್ಕು ತಪ್ಪಿಸಿತೆ?

ಗುಬ್ಬಚ್ಚಿ ಕಾಣೆಯಾದದ್ದಕ್ಕೆ ಟವರ್ ಕಾರಣ, ಅದರ ಅಲೆಗಳು ಹಕ್ಕಿಯ ಕಾಂತಜ್ಞಾನವನ್ನು ಕೆಡಿಸುತ್ತವೆ ಎಂಬ ಮಾತು ಎಲ್ಲೆಡೆ ಹರಡಿದೆ. ಗುಬ್ಬಚ್ಚಿಯ ಮೇಲಿನ ಪ್ರೀತಿಯಿಂದ ಹುಟ್ಟಿದ ಮಾತು ಇದು, ಹಾಗಾಗಿ ತಾಳ್ಮೆಯಿಂದಲೇ ಉತ್ತರಿಸಬೇಕು. ಮೊದಲನೆಯದಾಗಿ ನಮ್ಮೂರ ಗುಬ್ಬಚ್ಚಿ ವಲಸೆ ಹಕ್ಕಿಯಲ್ಲ, ಹುಟ್ಟಿದ ಜಾಗದ ಆಸುಪಾಸಿನಲ್ಲೇ ಬದುಕು ಕಳೆಯುತ್ತದೆ. ಎರಡನೆಯದಾಗಿ, 2020ರ ಭಾರತದ ಪಕ್ಷಿಗಳ ಸ್ಥಿತಿಗತಿ ವರದಿಯ ಪ್ರಕಾರ ದೇಶದ ಒಟ್ಟಾರೆ ಲೆಕ್ಕದಲ್ಲಿ ಗುಬ್ಬಚ್ಚಿಯ ಸಂಖ್ಯೆ ಬಹುಮಟ್ಟಿಗೆ ಸ್ಥಿರವಾಗಿದೆ, ಇಳಿದಿರುವುದು ಮಹಾನಗರಗಳಲ್ಲಿ. ಗೂಡು ಕಟ್ಟಲು ಸಂದಿಯಿಲ್ಲದ ಕಾಂಕ್ರೀಟ್ ಮನೆ, ಮರಿಗೆ ತಿನ್ನಿಸಲು ಹುಳು ಸಿಗದ ಬೀದಿ, ಇವನ್ನು ಮೊದಲು ನೋಡಬೇಕು.

ವಿದ್ಯುತ್ಕಾಂತೀಯ ಗದ್ದಲ ಹಕ್ಕಿಗೆ ತಟ್ಟುವುದೇ ಇಲ್ಲವೆಂದಲ್ಲ. ಓಲ್ಡನ್‌ಬರ್ಗ್ ವಿಶ್ವವಿದ್ಯಾಲಯದ ಆವರಣದಲ್ಲಿ ರಾಬಿನ್‌ಗಳು ದಿಕ್ಕು ಹಿಡಿಯಲು ಸೋಲುತ್ತಿದ್ದವು. ಹೆನ್ರಿಕ್ ಮೌರಿಟ್ಸನ್ ತಂಡ ಹಕ್ಕಿಗಳಿದ್ದ ಗುಡಿಸಲುಗಳಿಗೆ ಅಲ್ಯುಮಿನಿಯಂ ಹೊದಿಸಿ ನೆಲಕ್ಕೆ ತಂತಿ ಜೋಡಿಸಿದ ಕೂಡಲೇ ಅವು ಸರಿಹೋದವು. ವರ್ಷಗಟ್ಟಲೆ ಪರೀಕ್ಷಿಸಿ 2014ರಲ್ಲಿ ಪ್ರಕಟಿಸಿದ ಆ ಅಧ್ಯಯನದಲ್ಲಿ ಕಾಟ ಕೊಟ್ಟದ್ದು 50 ಕಿಲೋಹರ್ಟ್ಸ್‌ನಿಂದ 5 ಮೆಗಾಹರ್ಟ್ಸ್‌ವರೆಗಿನ ಅಲೆಗಳು. ಎಎಂ ರೇಡಿಯೋ, ನಗರದ ವಿದ್ಯುತ್ ಉಪಕರಣಗಳು ಹೊರಸೂಸುವುದು ಈ ವ್ಯಾಪ್ತಿಯಲ್ಲಿ. ಮುಂದೆ ಬೇರೊಂದು ಹಾಡುಹಕ್ಕಿಯ ಮೇಲೆ ನಡೆದ ಪ್ರಯೋಗಗಳಲ್ಲಿ 75ರಿಂದ 85 ಮೆಗಾಹರ್ಟ್ಸ್ ಅಲೆಗಳೂ ತೊಂದರೆ ಕೊಟ್ಟವು, 140 ಮೆಗಾಹರ್ಟ್ಸ್‌ಗಿಂತ ಮೇಲಿನವು ಕೊಡಲಿಲ್ಲ. ಮೊಬೈಲ್ ಜಾಲ ನಡೆಯುವುದು 700 ಮೆಗಾಹರ್ಟ್ಸ್‌ನ ಆಸುಪಾಸಿನಿಂದ ಮೇಲಕ್ಕೆ. ದಿಕ್ಕು ತಪ್ಪಿಸಿದ ಆರೋಪ ಟವರಿನ ಮೇಲೆ ನಿಲ್ಲುವುದಿಲ್ಲ.

ಆಮೆಮರಿಯನ್ನು ಅಯಸ್ಕಾಂತ ಕಡಲಿಗೆ ಕರೆಯುತ್ತದೆಯೆ?

ಕಾಂತಕ್ಷೇತ್ರವನ್ನು ನಕ್ಷೆಯಾಗಿ ಬಳಸುವುದರಲ್ಲಿ ಕಡಲಾಮೆಯನ್ನು ಮೀರಿಸುವವರು ವಿರಳ. ಅಮೆರಿಕದ ಕೆನೆತ್ ಲೋಮನ್ ಲಾಗರ್‌ಹೆಡ್ ಆಮೆಯ ಮರಿಗಳಿಗೆ ಬಟ್ಟೆಯ ಅಂಗಿ ತೊಡಿಸಿ, ದಾರ ಕಟ್ಟಿ, ಸುರುಳಿ ಸುತ್ತಿದ ನೀರಿನ ತೊಟ್ಟಿಯಲ್ಲಿ ಈಜಲು ಬಿಟ್ಟರು. ಪೋರ್ಚುಗಲ್ ಹತ್ತಿರದ ಸಮುದ್ರದ ಕಾಂತಕ್ಷೇತ್ರವನ್ನು ತೊಟ್ಟಿಯಲ್ಲಿ ಸೃಷ್ಟಿಸಿದಾಗ, ಕಡಲನ್ನೇ ಕಾಣದ ಮರಿ ದಕ್ಷಿಣಕ್ಕೆ ತಿರುಗಿತು. ನಿಜವಾದ ಸಮುದ್ರದಲ್ಲಿ ಅಲ್ಲಿ ಹಾಗೆ ತಿರುಗದ ಮರಿ ಉತ್ತರದ ಕೊರೆಯುವ ನೀರಿಗೆ ಕೊಚ್ಚಿಹೋಗಿ ಸಾಯುತ್ತದೆ. ಇದೇ ತಂಡ 2025ರಲ್ಲಿ ಇನ್ನೊಂದನ್ನು ತೋರಿಸಿತು: ಒಂದು ನಿರ್ದಿಷ್ಟ ಕ್ಷೇತ್ರದಲ್ಲಿ ಮಾತ್ರ ಊಟ ಹಾಕಿ ಬೆಳೆಸಿದ ಮರಿಗಳು ಆ ಕ್ಷೇತ್ರ ಬಂದೊಡನೆ ಬಾಯಿ ತೆರೆದು, ಮುಂಗೈ ಬಡಿದು, ಗಿರಗಿರನೆ ಕುಣಿದವು. ರೇಡಿಯೋ ಅಲೆ ಹಾಯಿಸಿದಾಗ ಅವುಗಳ ದಿಕ್ಸೂಚಿ ಕೆಟ್ಟಿತು, ಈ ನೆನಪು ಕೆಡಲಿಲ್ಲ. ದಿಕ್ಕು ಹೇಳುವ ಇಂದ್ರಿಯ ಒಂದು, ಜಾಗ ಹೇಳುವ ಇಂದ್ರಿಯ ಇನ್ನೊಂದು ಇರಬೇಕೆಂಬುದಕ್ಕೆ ಇದು ಬಲವಾದ ಸುಳಿವು.

ಇಷ್ಟೆಲ್ಲ ಸಾಮರ್ಥ್ಯವಿರುವ ಮರಿಗೆ ಮರಳಿನಿಂದ ನೀರಿನವರೆಗಿನ ಹತ್ತಾರು ಗಜ ದಾರಿಯಲ್ಲಿ ಕಾಂತಕ್ಷೇತ್ರ ನೆರವಾಗುವುದಿಲ್ಲ. ರಾತ್ರಿ ಗುಂಡಿಯಿಂದ ಮೇಲೆದ್ದ ಮರಿ ಅತ್ಯಂತ ಬೆಳಕಾಗಿ ಕಾಣುವ ತಗ್ಗಿನ ದಿಗಂತದ ಕಡೆಗೆ ತೆವಳುತ್ತದೆ. ಕತ್ತಲ ತೀರದಲ್ಲಿ ಅದು ಯಾವಾಗಲೂ ಸಮುದ್ರವೇ. ನೀರಿಗಿಳಿದ ಮೇಲೆ ಅಲೆಗಳಿಗೆ ಎದುರಾಗಿ ಈಜುತ್ತದೆ, ಕಾಂತ ದಿಕ್ಸೂಚಿಯ ಸರದಿ ಆಮೇಲಿನದು. ರೆಸಾರ್ಟಿನ ದೀಪ, ರಸ್ತೆಯ ದೀಪ, ಮನೆಯಂಗಳದ ಬಲ್ಬು ಸಮುದ್ರಕ್ಕಿಂತ ಪ್ರಕಾಶವಾಗಿ ಹೊಳೆದರೆ ಮರಿ ಊರಿನತ್ತ ನಡೆಯುತ್ತದೆ. ಬೆಳಗಾಗುವುದರೊಳಗೆ ನಾಯಿ, ಕಾಗೆ, ಬಿಸಿಲು ಅದನ್ನು ಮುಗಿಸುತ್ತವೆ.

ಹೊನ್ನಾವರದ ಕಾಸರಕೋಡ ಟೊಂಕ ಸೇರಿದಂತೆ ನಮ್ಮ ಕರಾವಳಿಯ ಹಲವೆಡೆ ಆಲಿವ್ ರಿಡ್ಲೆ ಆಮೆಗಳು ಚಳಿಗಾಲದಲ್ಲಿ ಮೊಟ್ಟೆಯಿಡುತ್ತವೆ. ಮೀನುಗಾರರೂ ಅರಣ್ಯ ಇಲಾಖೆಯವರೂ ಗೂಡುಗಳಿಗೆ ಬೇಲಿ ಕಟ್ಟಿ ಕಾಯುತ್ತಾರೆ. ಮೊಟ್ಟೆಯಿಟ್ಟ ಸುಮಾರು ಐವತ್ತು ದಿನಕ್ಕೆ ಮರಿಗಳು ಹೊರಬರುತ್ತವೆ. ತೀರದಲ್ಲಿ ಮನೆ, ಹೋಟೆಲು, ಅಂಗಡಿ ಇರುವವರು ಆ ತಿಂಗಳುಗಳಲ್ಲಿ ಕಡಲಿಗೆ ಮುಖ ಮಾಡಿದ ದೀಪಗಳನ್ನು ರಾತ್ರಿ ಆರಿಸಿಡಿ. ಆರಿಸಲಾಗದಿದ್ದರೆ ಮರಳಿನ ಮೇಲೆ ಬೆಳಕು ಬೀಳದಂತೆ ಮರೆ ಕಟ್ಟಿ.