ಪಂಜರದ ಹಕ್ಕಿಗೆ ಪರಿಮಳವೇಕೆ?

ದೀಪ ಹಚ್ಚುವ ಹೊತ್ತಿಗೆ ಜಯನಗರ, ಬನಶಂಕರಿಗಳ ಮನೆಗಳಲ್ಲಿ ಊದುಬತ್ತಿಯ ಹೊಗೆ ಏಳುತ್ತದೆ. ಶುಕ್ರವಾರವಾದರೆ ಸಾಂಬ್ರಾಣಿಯೂ ಉಂಟು. ಈಚೆಗೆ ನೀಲಗಿರಿ, ಲ್ಯಾವೆಂಡರ್ ತೈಲಗಳನ್ನು ನೀರಿನೊಡನೆ ಮಂಜಾಗಿಸಿ ಹರಡುವ ವಿದ್ಯುದ್ಯಂತ್ರವೂ ನಡುಮನೆಗೆ ಬಂದಿದೆ. ದೀಪಾವಳಿಯ ಪಟಾಕಿಗೆ ಹಕ್ಕಿ ಬೆದರಿತೆಂದರೆ, ಅದರ ಮನಸ್ಸು ಶಾಂತವಾಗಲೆಂದು ಆ ಯಂತ್ರವನ್ನು ಪಂಜರದ ಬಳಿ ಇಡುವವರಿದ್ದಾರೆ. ಇಡುವುದು ಪ್ರೀತಿಯಿಂದಲೇ, ಆದರೆ ಆ ಪ್ರೀತಿ ಹಕ್ಕಿಯ ಪ್ರಾಣಕ್ಕೇ ಮುಳುವಾಗಬಹುದು.

ಕಾರಣವಿರುವುದು ಹಕ್ಕಿಯ ಉಸಿರಾಟದ ರೀತಿಯಲ್ಲಿ. ನಮ್ಮ ಶ್ವಾಸಕೋಶಕ್ಕೆ ಗಾಳಿ ಹೋದ ದಾರಿಯಲ್ಲೇ ಹಿಂದಿರುಗುತ್ತದೆ. ಹಕ್ಕಿಗೆ ಶ್ವಾಸಕೋಶದೊಡನೆ ಸಾಮಾನ್ಯವಾಗಿ 9 ಗಾಳಿಚೀಲಗಳಿವೆ. ಅವುಗಳ ನೆರವಿನಿಂದ ಗಾಳಿ ಒಂದೇ ದಿಕ್ಕಿಗೆ ಹರಿದು, ಉಸಿರು ಬಿಡುವಾಗಲೂ ಹೊಸ ಗಾಳಿ ಶ್ವಾಸಕೋಶವನ್ನು ಹಾಯುತ್ತದೆ. ಹಾರಾಟಕ್ಕೆ ಬಲ ಕೊಡುವ ಈ ಏರ್ಪಾಡೇ ವಿಷಗಾಳಿಯನ್ನೂ ಬೇಗನೆ ರಕ್ತಕ್ಕೆ ಮುಟ್ಟಿಸುತ್ತದೆ. ಇಂಗ್ಲೆಂಡಿನ ಕಲ್ಲಿದ್ದಲ ಗಣಿಗಳಿಗೆ 1986ರವರೆಗೂ ಕ್ಯಾನರಿ ಹಕ್ಕಿಗಳನ್ನು ಒಯ್ಯುತ್ತಿದ್ದುದು ಇದಕ್ಕಾಗಿಯೇ: ಮನುಷ್ಯನಿಗೆ ತಿಳಿಯುವ ಮೊದಲೇ ಹಕ್ಕಿ ಕುಸಿಯುತ್ತಿತ್ತು. ನಮ್ಮಲ್ಲಿ ಲವ್‌ಬರ್ಡ್ಸ್ ಎಂದೇ ಮಾರುವ ಆಸ್ಟ್ರೇಲಿಯಾ ಮೂಲದ ಬಡ್ಜೆರಿಗರ್‌ನ ತೂಕವಾದರೂ ಎಷ್ಟು? 30ರಿಂದ 40 ಗ್ರಾಂ. (ನಮ್ಮ ನಾಡಿನ ಹಸಿರು ಗಿಳಿಯನ್ನು ಸಾಕುವುದಂತೂ 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆಯಂತೆ ಅಪರಾಧ.) ಮಂಜಿನ ಹನಿಗಳು ಗರಿಗಳ ಮೇಲೆ ಕೂರುತ್ತವೆ, ಹಕ್ಕಿ ಕೊಕ್ಕಿನಿಂದ ಗರಿ ತಿದ್ದಿಕೊಳ್ಳುವಾಗ ತೈಲವು ಹೊಟ್ಟೆಗೂ ಸೇರುತ್ತದೆ.

ಹಾಗೆಂದು ದೇವರಿಗೆ ಧೂಪ ಬೇಡವೆಂದು ಯಾವ ಮನೆಯ ಅಜ್ಜಿಗೆ ಹೇಳಲಾದೀತು? ಪಂಜರವನ್ನೇ ದೇವರ ಮನೆಯಿಂದ ದೂರವಿಡಬೇಕು. ನಡುವಣ ಬಾಗಿಲು ಮುಚ್ಚಿ, ಕಿಟಕಿ ತೆರೆದು, ಹೊಗೆ ಪೂರ್ತಿ ಹೋಗುವವರೆಗೆ ಕಾಯಬೇಕು. ಅಡಿಗೆಮನೆಯೂ ಸಲ್ಲದು. ಅಂಟದ ಲೇಪವುಳ್ಳ ನಾನ್‌ಸ್ಟಿಕ್ ಬಾಣಲೆ ಅತಿಯಾಗಿ ಕಾದರೆ, ಅದರಿಂದೇಳುವ ಆವಿ ನಿಮಿಷಗಳಲ್ಲಿ ಹಕ್ಕಿಯನ್ನು ಕೊಲ್ಲಬಲ್ಲದು.

ಬೆದರಿದ ಹಕ್ಕಿಗೆ ಬೇಕಾದದ್ದು ಪರಿಮಳವಲ್ಲ, ಮರೆ. ಪಟಾಕಿಯ ರಾತ್ರಿ ಪಂಜರವನ್ನು ಒಳಕೋಣೆಯ ಗೋಡೆಗೆ ಒತ್ತಿಟ್ಟು, ಮೂರು ಕಡೆ ಹತ್ತಿಬಟ್ಟೆ ಹೊದಿಸಿ, ಒಂದು ಕಡೆ ಗಾಳಿಗೆ ಬಿಟ್ಟು, ಮಂದ ದೀಪವೊಂದನ್ನು ಉರಿಸಿದರೆ ಸಾಕು. ಉಳಿದ ದಿನಗಳಲ್ಲಿ 10-12 ಗಂಟೆಗಳ ನಿದ್ದೆ, ಪರಿಚಿತ ದನಿ.

ಗರಿ ಕಿತ್ತುಕೊಳ್ಳುವುದನ್ನು, ಮೇವು ಬಿಡುವುದನ್ನು ಬರಿಯ ಹೆದರಿಕೆ ಎಂದೂ ತಿಳಿಯಬಾರದು, ರೋಗವೂ ಇರಬಹುದು. ಹಕ್ಕಿ ಬಾಯಿ ತೆರೆದು ಉಸಿರಾಡಿದರೆ, ಉಸಿರಿನೊಡನೆ ಬಾಲ ಮೇಲೆ ಕೆಳಗೆ ತೂಗಿದರೆ, ತಡಮಾಡದೆ ಶುದ್ಧ ಗಾಳಿಗೆ ಒಯ್ದು ವೈದ್ಯರಿಗೆ ತೋರಿಸಬೇಕು. 1958ರಲ್ಲಿ ಆರಂಭವಾದ ಪಶುವೈದ್ಯಕೀಯ ಕಾಲೇಜು ಹೆಬ್ಬಾಳದಲ್ಲಿದೆ, ನಿಜ. ಆದರೆ ಜಯನಗರದವರಿಗೆ ಅದು ಊರಿನ ಇನ್ನೊಂದು ತುದಿ. ಹಕ್ಕಿಗಳನ್ನು ಬಲ್ಲ ವೈದ್ಯರು ಹತ್ತಿರದಲ್ಲಿ ಯಾರೆಂದು ಮೊದಲೇ ವಿಚಾರಿಸಿಟ್ಟಿರಬೇಕು. ಹೋಗುವಾಗ ತೈಲದ ಸೀಸೆಯನ್ನೂ ಕೈಯಲ್ಲಿ ಹಿಡಿದು ಹೋಗುವುದು ಒಳ್ಳೆಯದು.